ಅಮ್ಮ ಕೂರದ ಕುರ್ಚಿ

ನಿನ್ನೆ ಬಡಗಿ ನಮ್ಮ ಮನೆಯ ಹಳೇ ಸ್ಟೂಲಿಗೆ ಹೊಸ ಕಾಲು ಹಾಕಿ, ವಾರ್ನಿಷ್ ಬಳಿದು ತಂದಿಟ್ಟ. ಆ ವಾಸನೆಗೆ ನನಗೆ ನೆನಪಾದದ್ದು, ಒಂದು ಕಾಲಕ್ಕೆ ಅದರ ಪಕ್ಕದಲ್ಲಿ ಖಾಲಿ ಇರುತ್ತಿದ್ದ ಕುರ್ಚಿ. ಈಗಲೇ ಹೇಳಿಬಿಡುತ್ತೇನೆ, ಈ ವಯಸ್ಸಿನಲ್ಲಿ ನಾಳೆಗೆಂದು ಇಟ್ಟುಕೊಂಡದ್ದು ನಾಳೆ ಇರುವುದಿಲ್ಲ.

ಅರವತ್ತರ ದಶಕದ ಮಾತು. ಅಮ್ಮ ಯಲಹಂಕದ ಒಂದು ಅನುದಾನಿತ ಶಾಲೆಯಲ್ಲಿ ಟೀಚರು. ಹೆಡ್‌ಮೇಷ್ಟ್ರು ತೀರಿಕೊಂಡಾಗ ಆಡಳಿತ ಮಂಡಳಿಯವರು, "ಸದ್ಯಕ್ಕೆ ನೀವೇ ನೋಡ್ಕೊಳ್ಳಿ ಮೇಡಂ" ಎಂದರು. ಆ 'ಸದ್ಯ' ಒಂಬತ್ತು ವರ್ಷ ನಡೆಯಿತು. ಅಮ್ಮನಿಗೆ ಅಕ್ಷರ ಕಲಿಸಿದವರೇ ಆ ಮೇಷ್ಟ್ರು. ಗುರುಗಳ ಕುರ್ಚಿಯಲ್ಲಿ ಕೂರುವುದುಂಟೆ? ದಿನಾ ಅದನ್ನು ಒರೆಸಿ, ಪಕ್ಕದಲ್ಲಿ ಮನೆಯಿಂದ ಒಯ್ದ ಈ ಸ್ಟೂಲು ಹಾಕಿಕೊಂಡು ಇಡೀ ಶಾಲೆ ನಡೆಸಿದಳು. ಅವಳ ಈ ವಿನಯ ಕಂಡರೆ ನನಗೆ ಸಿಟ್ಟು ಬರುತ್ತಿತ್ತು. ಅದೇ ವಿನಯ ನನಗೂ ಬಂದಿದೆ ಎನ್ನುವುದು ಬೇರೆ ವಿಷಯ.

ನಿವೃತ್ತಿ ಹತ್ತಿರವಾದಾಗ ಹೆಡ್‌ಮಿಸ್ ಸಂಬಳ, ಪಿಂಚಣಿ ಕೇಳಿದರೆ ಮಂಡಳಿ, "ನೀವ್ಯಾವಾಗ ಹೆಡ್ಡಾಗಿದ್ರಿ?" ಎಂದಿತು. ಅಪ್ಪ ಇರಲಿಲ್ಲ, ಅಮ್ಮನ ಮುಂದಿನ ಬದುಕಿಗೆ ಆ ಪಿಂಚಣಿಯೇ ಆಧಾರ. ಕೋರ್ಟಿಗೆ ಹೋದಳು. ಮಂಡಳಿಯ ವಕೀಲರು ನಯವಾಗಿ ಕೇಳಿದರು: "ಹೆಡ್ ಕುರ್ಚೀಲಿ ಒಂದಿನವಾದ್ರೂ ಕೂತಿದ್ದೀರೇನಮ್ಮ?"

"ಇಲ್ಲ ಸ್ವಾಮಿ."

ಒಂದು ಸುಳ್ಳು ಹೇಳಿದ್ದರೆ ಇವಳ ಗಂಟೇನು ಹೋಗುತ್ತಿತ್ತು ಎಂದು ನಾನು ಹಿಂದಿನ ಬೆಂಚಿನಲ್ಲಿ ಹಲ್ಲು ಕಡಿದೆ.

ಹೊರಗೆ ಬಂದಮೇಲೆ ನಮ್ಮ ವಕೀಲರು ಹಣೆ ಚಚ್ಚಿಕೊಂಡರು. "ನಿಮ್ಮನ್ನ ಹೆಡ್ ಅಂತ ಇಲಾಖೆಯವ್ರು ಯಾರಾದ್ರೂ ಬರೆದಿದಾರಾ?" ಮುಂದಿನ ವಾಯಿದೆಯ ಬೆಳಿಗ್ಗೆ ಅಮ್ಮ ಸೆರಗಿನ ಮರೆಯಿಂದ ಒಂದು ಕಾಗದ ತೆಗೆದಳು. "ಬೈಸ್ಕೊಂಡಿದ್ದು ಒಂದಿದೆ. ಅದಾಗುತ್ತಾ?"

ಹಿಂದೆ ಶಾಲೆಯ ತಪಾಸಣೆಗೆ ಬಂದಿದ್ದ ಇಲಾಖೆಯ ಇನ್ಸ್‌ಪೆಕ್ಟರ ವರದಿಯ ಪ್ರತಿ ಅದು. "ಮುಖ್ಯೋಪಾಧ್ಯಾಯಿನಿಯವರು ಸ್ಟೂಲಿನ ಮೇಲೆ ಕುಳಿತು ಕೆಲಸ ಮಾಡುವುದು ಹುದ್ದೆಯ ಘನತೆಗೆ ತಕ್ಕುದಲ್ಲ. ಇನ್ನು ಮುಂದೆ ತಮ್ಮ ಕುರ್ಚಿಯಲ್ಲಿಯೇ ಕೂರತಕ್ಕದ್ದು." ಕೆಳಗೆ, ಓದಿದ್ದೇನೆಂದು ಮಂಡಳಿಯ ಕಾರ್ಯದರ್ಶಿಯ ರುಜು. ಸರ್ವೀಸಿನಲ್ಲೆಲ್ಲ ತಿಂದ ಒಂದೇ ಬೈಗುಳವೆಂದು ನಾಚಿಕೊಂಡು ಅದನ್ನು ಟ್ರಂಕಿನ ತಳದಲ್ಲಿ ಬಚ್ಚಿಟ್ಟಿದ್ದಳು, ಮಹಾತಾಯಿ!

ನ್ಯಾಯಾಧೀಶರು ಓದುತ್ತಾ ನಕ್ಕರು. ತೀರ್ಪು ಅಮ್ಮನ ಪರವಾಯಿತು. ಊರಿಗೆ ಮರಳುವ ಬಸ್ಸು ಹೆಬ್ಬಾಳದ ಕೆರೆ ದಾಟಿತು. ಅಮ್ಮ "ಉಸ್ಸಪ್ಪಾ" ಎಂದು ನನ್ನ ಭುಜಕ್ಕೆ ಒರಗಿ ನಿದ್ದೆ ಹೋದಳು. ಅವಳು ಅಷ್ಟು ನಿಶ್ಚಿಂತೆಯಾಗಿ ನಿದ್ದೆ ಮಾಡಿದ್ದನ್ನು ನಾನು ಕಂಡೇ ಇರಲಿಲ್ಲ. ಸಂತೋಷಕ್ಕೆ ಅಳು ಬಂತು.

ಮಾರನೆಯ ದಿನ ಕುರ್ಚಿಗೆ ಕೈಮುಗಿದು ಕೂತಳಂತೆ. ಸಂಜೆ "ಹೇಗಿತ್ತಮ್ಮ?" ಅಂದೆ.

"ಅಲ್ಲಿಂದ ಗೇಟು ಕಾಣುತ್ತೆ ಕಣೇ! ಲೇಟಾಗಿ ಬರೋ ಮಕ್ಕಳೆಲ್ಲ ಇಷ್ಟು ವರ್ಷ ನನ್ ಕಣ್ ತಪ್ಪಿಸಿದಾವೆ."

ಈಗ ನನ್ನ ವಿಷಯ. ನಮ್ಮ ಬಡಾವಣೆಯ ಮಹಿಳಾ ಸಮಾಜದ ಅಧ್ಯಕ್ಷೆ ಮಗಳ ಊರಿಗೆ ಹೋಗಿ ನೆಲೆಸಿ ನಾಲ್ಕು ವರ್ಷವಾಯಿತು. ಎಲ್ಲರೂ ಸೇರಿ ಅವರ ಜಾಗಕ್ಕೆ ನನ್ನನ್ನೇ ಆರಿಸಿದ್ದರೂ ನಾನು 'ಅಧ್ಯಕ್ಷರ ಪರವಾಗಿ' ಎಂದೇ ರುಜು ಹಾಕುತ್ತಾ ಬಂದಿದ್ದೆ. ಇವತ್ತು ಬೆಳಿಗ್ಗೆಯೂ ರುಜುವಿಗೆಂದು ಒಂದು ಪತ್ರ ಬಂತು. ಸ್ಟೂಲಿನ ವಾರ್ನಿಷ್ ಇನ್ನೂ ಒಣಗಿರಲಿಲ್ಲ. ಕುರ್ಚಿಯಲ್ಲೇ ಕೂತು, 'ಅಧ್ಯಕ್ಷರ ಪರವಾಗಿ' ಎಂಬುದನ್ನು ಹೊಡೆದುಹಾಕಿ, 'ಅಧ್ಯಕ್ಷೆ' ಎಂದು ಬರೆದು ರುಜು ಮಾಡಿದೆ.