ಪಕ್ಕದ ಮನೆಯ ಜಡ್ಜು ಹೋಳಿಗೆ ಮುಟ್ಟದ ವರ್ಷ

ಬೆಳ್ಳಗಿರುವುದೆಲ್ಲ ಹಾಲಲ್ಲ ಎಂದು ಎಲ್ಲರೂ ಹೇಳುತ್ತಾರೆ. ನಾನು ಹಾಲನ್ನೇ ಕೊಟ್ಟರೂ ಮೊದಲು ಮೂಸುವವಳು. ತೊಂಬತ್ತರ ದಶಕದಲ್ಲಿ ಅಮೆರಿಕದ ಕ್ಯಾರಿ ಎಂಬ ಊರಿನಲ್ಲಿ ಮನೆ ಕೊಂಡಾಗ, ಪಕ್ಕದಲ್ಲಿರುವವರು ಫೆಡರಲ್ ಜಡ್ಜ್ ಎಂದು ತಿಳಿದು ನನ್ನ ಗಂಡ ಹಿಗ್ಗಿದರು. ಪೊಲೀಸು, ಲಾಯರು, ಜಡ್ಜು ಮೂವರೂ ದೂರವಿದ್ದಷ್ಟೂ ಒಳ್ಳೆಯದು ಎಂದೆ ನಾನು.

ಆದರೆ ಆ ಮನುಷ್ಯನ ಮೇಲೆ ಸಂಶಯಪಡಲು ಮೊದಮೊದಲು ಏನೂ ಸಿಗಲಿಲ್ಲ. ಹೆಂಡತಿ ತೀರಿಕೊಂಡಿದ್ದರು, ಮನೆಯಲ್ಲಿ ಒಬ್ಬರೇ. ಅವರ ತಂದೆ ದಕ್ಷಿಣ ಕೆರೊಲಿನಾದ ಸಣ್ಣ ಊರಿನಲ್ಲಿ ಕ್ಷೌರದ ಅಂಗಡಿ ಇಟ್ಟಿದ್ದವರು. ಊರಿನ ಪ್ರತಿ ಜಗಳದ ಎರಡೂ ಕಡೆಯ ಕಥೆಯನ್ನು ಆ ಅಂಗಡಿಯಲ್ಲೇ ಕೇಳುತ್ತಾ ಬೆಳೆದೆ ಎನ್ನುತ್ತಿದ್ದರು. ವಕೀಲರಾಗಿ, ಆಮೇಲೆ ಕೆಳಗಿನ ಕೋರ್ಟಿನ ಜಡ್ಜಾಗಿ, ಕೊನೆಗೆ ಅಪೀಲು ಕೋರ್ಟಿಗೆ ಏರಿದವರು. ಅಲ್ಲಿ ಸಾಕ್ಷಿಗಳನ್ನು ಕರೆಸುವುದಿಲ್ಲವಂತೆ, ಬರೀ ಕಾಗದ. ನೀಲಿ ರಟ್ಟಿನ ಪುಸ್ತಕ ಅಪೀಲು ಹಾಕಿದವರದು, ಕೆಂಪು ರಟ್ಟಿನದು ಎದುರಾಳಿಯದು. ಸಂಜೆ ವರಾಂಡದಲ್ಲಿ ಅವನ್ನು ಹರಡಿಕೊಂಡು ಓದುತ್ತಿದ್ದರು.

“ಮೊದಲು ಜನರ ಮುಖ ನೋಡಿ ಕೆಲಸ ಮಾಡ್ತಿದ್ದೆ. ಈಗ ಮುಖವೇ ಕಾಣಲ್ಲ, ಅದೊಂದು ಬೇಜಾರು,” ಎಂದಿದ್ದರು ಒಮ್ಮೆ. ಯುಗಾದಿಗೆ ಹೋಳಿಗೆ ಒಯ್ದು ಕೊಟ್ಟರೆ ಬಾಗಿಲಲ್ಲಿ ನಿಂತೇ ಒಂದನ್ನು ಮುಗಿಸುತ್ತಿದ್ದರು.

ಹೀಗಿರುವಾಗ ನನ್ನ ಗಂಡನನ್ನು ಕಂಪನಿಯವರು ಕೆಲಸದಿಂದ ತೆಗೆದರು. ಭಾರತದವರು ಎಂಬ ಕಾರಣಕ್ಕೇ ತೆಗೆದಿದ್ದಾರೆ ಎಂದು ಕೇಸು ಹಾಕಿದೆವು. ಜ್ಯೂರಿ ನಮ್ಮ ಮಾತನ್ನು ನಂಬಿತು, ಕೆಲಸ ವಾಪಸು ಕೊಡಿ ಎಂದು ಕೋರ್ಟು ಆದೇಶಿಸಿತು. ಕಂಪನಿ ಅಪೀಲು ಹಾಕಿತು. ಅದು ತೀರ್ಮಾನವಾಗುವವರೆಗೂ ಸುಮ್ಮನೆ ಕೂರಲಾಗದೆ ಇವರು ಅಟ್ಲಾಂಟಾ ಪಕ್ಕದ ಅಲ್ಫರೆಟಾದಲ್ಲಿ ಬೇರೆ ಕೆಲಸ ಹಿಡಿದು, ಸ್ನೇಹಿತರ ಬೇಸ್‌ಮೆಂಟಿನಲ್ಲಿ ಮಲಗುತ್ತಿದ್ದರು. ಗೆದ್ದರೆ ಇವರು ಮನೆಗೆ ಬರುತ್ತಾರೆ, ಸೋತರೆ ಮನೆ ಮಾರಿ ನಾನೂ ಮಗಳೂ ಅಲ್ಲಿಗೆ ಹೋಗಬೇಕು. “ಐ ಆಮ್ ನಾಟ್ ಮೂವಿಂಗ್, ಅಮ್ಮ,” ಎಂದು ಮಗಳು ಊಟ ಬಿಟ್ಟು ಏಳುತ್ತಿದ್ದಳು.

ಜರ್ಮನ್‌ಟೌನ್ ಎಂಬ ಊರಿನಿಂದ ಪರಿಚಯದ ಆಂಟಿಯೊಬ್ಬರು ಫೋನ್ ಮಾಡಿದರು. “ಅಲ್ವೇ, ಅಪೀಲ್ ಕೋರ್ಟ್ ಜಡ್ಜೇ ಪಕ್ಕದ ಮನೇಲಿದಾರೆ, ನಿಂಗೇನೇ ಚಿಂತೆ? ಬಾಯಿ ಬಿಟ್ಟು ಕೇಳ್ಬೇಡ. ಹೋಳಿಗೆ ಕೊಡೋವಾಗ ಹಂಗೇ ಮೆಲ್ಲಗೆ ಮೆನ್ಷನ್ ಮಾಡು.”

ಛೆ ಛೆ, ಅದೆಲ್ಲ ನಮಗೆ ಹೇಳಿಸಿದ್ದಲ್ಲ ಎಂದೆ. ಆದರೂ ಆ ಯುಗಾದಿಯಲ್ಲಿ ಹೂರಣವನ್ನು ಸ್ವಲ್ಪ ಧಾರಾಳವಾಗಿಯೇ ತುಂಬಿದೆ.

ಜಡ್ಜ್ ಬಾಗಿಲನ್ನು ಅರ್ಧ ಮಾತ್ರ ತೆರೆದರು. “ಈ ವರ್ಷ ತಗೊಳ್ಳೋಕಾಗಲ್ಲ. ಯಾಕೆ ಅಂತ ದಯವಿಟ್ಟು ಕೇಳಬೇಡಿ,” ಎಂದು ಬಾಗಿಲು ಹಾಕಿಕೊಂಡರು. ಮೈಯೆಲ್ಲ ಉರಿಯಿತು. ಅವತ್ತಿನಿಂದ ಅವರು ವರಾಂಡದಲ್ಲಿ ಕೂರುವುದನ್ನೂ ಬಿಟ್ಟರು. ನಾನು ಮೇಲ್‌ಬಾಕ್ಸ್ ಹತ್ತಿರ ಹೋದರೆ ದೂರದಿಂದಲೇ ಕೈಯೆತ್ತಿ ಒಳಗೆ ಹೋಗುತ್ತಿದ್ದರು.

“ರೀ, ಆ ಮನುಷ್ಯ ಕಂಪನಿ ಕಡೆಯವರು ಕಣ್ರೀ,” ಎಂದು ಗಂಡನಿಗೆ ಫೋನ್ ಮಾಡಿದೆ.

“ಏನೇನೋ ಇಮ್ಯಾಜಿನ್ ಮಾಡ್ಕೋಬೇಡ ಕಣೇ.”

“ಹಾಗಾದ್ರೆ ಕುಂಬಳಕಾಯಿ ಕಳ್ಳ ಅಂದ್ರೆ ಹೆಗಲು ಯಾಕೆ ಮುಟ್ಟಿ ನೋಡ್ಕೋಬೇಕು? ನಾನಿನ್ನೂ ಕೇಸ್ ಅಂತ ಬಾಯೇ ಬಿಟ್ಟಿರ್ಲಿಲ್ಲ!”

ಆಮೇಲೆ ನನಗೆ ಕಿಟಕಿಯೇ ಮನೆಯಾಯಿತು. ಸೂಟು ತೊಟ್ಟ ಇಬ್ಬರು ಅವರ ಬಾಗಿಲಲ್ಲಿ ನಿಂತಿದ್ದನ್ನು ಬ್ಲೈಂಡ್ಸ್ ಸಂದಿಯಿಂದ ಕಂಡು, ಇವರು ಕಂಪನಿಯ ವಕೀಲರೇ ಎಂದು ತೀರ್ಮಾನಿಸಿದೆ. ಸ್ವಲ್ಪ ಹೊತ್ತಿಗೆ ಅವರು ನಮ್ಮ ಬಾಗಿಲನ್ನೂ ತಟ್ಟಿ, ಏಸುವಿನ ಬಗ್ಗೆ ಮಾತಾಡಲು ಸಮಯವಿದೆಯೇ ಎಂದು ಕೇಳಿದರು.

ಅಪೀಲಿನ ವಾದ ನಡೆದದ್ದು ವರ್ಜೀನಿಯಾದ ರಿಚ್ಮಂಡಿನಲ್ಲಿ, ನಾವಿಬ್ಬರೂ ಹೋಗಿದ್ದೆವು. ಯಾವ ಮೂವರು ಜಡ್ಜುಗಳು ಕೂರುತ್ತಾರೆ ಎಂಬುದನ್ನು ಆ ಬೆಳಿಗ್ಗೆಯವರೆಗೂ ಹೇಳುವುದಿಲ್ಲ. ಹೆಸರುಗಳನ್ನು ನೋಡಿ ಬಂದ ನಮ್ಮ ವಕೀಲರು, ಪಕ್ಕದ ಮನೆಯವರು ಇಲ್ಲ ಎಂದರು. “ನೀವು ನೆರೆಯವರು ಅನ್ನೋ ಕಾರಣಕ್ಕೇ ಅವರು ಈ ಕೇಸಿಂದ ಹೊರಗೆ ಉಳಿದಿರ್ತಾರೆ. ಕೇಸು ಮುಗಿಯೋವರೆಗೂ ನಿಮ್ಮನೇಲಿ ನೀರೂ ಕುಡಿಯಲ್ಲ.”

ಹೋಳಿಗೆ ಬೇಡವೆಂದದ್ದು ಅದಕ್ಕೇ ಎಂದು ಅರ್ಥವಾಯಿತು. ಆದರೆ ಸಂಶಯ ಹೋಯಿತೇ? ಎಲ್ಲಿ! ತಾವು ಕೂರದಿದ್ದರೇನು, ಜೊತೆಯವರ ಕಿವಿಗೆ ಒಂದು ಮಾತು ಹಾಕಲು ಎಷ್ಟು ಹೊತ್ತು ಬೇಕು? ವಾದ ಮುಗಿದ ಮೇಲೆ ಮೂವರೂ ಪೀಠದಿಂದ ಇಳಿದು ಬಂದು ಎರಡೂ ಕಡೆಯ ವಕೀಲರ ಕೈ ಕುಲುಕಿದರು. ಅದು ಆ ಕೋರ್ಟಿನ ಪದ್ಧತಿಯಂತೆ. ಅವರಲ್ಲೊಬ್ಬರು ಕಂಪನಿಯ ವಕೀಲರ ಜೊತೆ ನಕ್ಕದ್ದನ್ನು ನನ್ನ ಕಣ್ಣಾರೆ ಕಂಡೆ. “ಮುಗೀತು ಬಿಡ್ರೀ,” ಎಂದೆ ಗಂಡನ ಕಿವಿಯಲ್ಲಿ.

ಕೆಲವು ತಿಂಗಳ ನಂತರ ತೀರ್ಪು ಬಂತು. ಮೂವರೂ ಒಂದೇ ದನಿಯಲ್ಲಿ ನಮ್ಮನ್ನು ಸೋಲಿಸಿದ್ದರು. ಮುಂದೆ ಹೋಗಲು ಶಕ್ತಿ ಉಳಿದಿರಲಿಲ್ಲ. ಮನೆ ಮುಂದೆ ಮಾರಾಟದ ಬೋರ್ಡು ನೆಟ್ಟ ವಾರವೇ ಜಡ್ಜ್ ಹುಲ್ಲು ದಾಟಿಕೊಂಡು ನಮ್ಮ ಅಂಗಳಕ್ಕೆ ಬಂದರು.

“ಎಲ್ಲ ಮುಗಿದಿದೆ, ಈಗ ಮಾತಾಡಬಹುದು. ಬೋರ್ಡ್ ನೋಡಿ ತುಂಬಾ ಬೇಜಾರಾಯಿತು.”

ನನ್ನ ಬಾಯಿ ಸುಮ್ಮನಿರುವ ಜಾತಿಯದಲ್ಲ. “ನಿಮ್ಮ ಜೊತೆಯವರಿಗೆ ಏನಾದರೂ ಹೇಳಿದ್ದಿರಾ?” ಎಂದು ಕೇಳಿಯೇಬಿಟ್ಟೆ.

ಅವರ ಮುಖ ಕೆಂಪಾಯಿತು. “ಒಂದಕ್ಷರವೂ ಇಲ್ಲ.”

ಯಾರನ್ನು ಕೇಳಿದರೂ ಹೀಗೇ ಹೇಳುತ್ತಾರೆ ಎಂದುಕೊಂಡೆ. “ಆ ಮೂವರಲ್ಲಿ ನೀವೂ ಒಬ್ಬರಾಗಿದ್ದಿದ್ದರೆ?”

ಉತ್ತರಿಸುವುದಿಲ್ಲ ಎನ್ನುತ್ತಾರೆ ಎಂದೇ ನಾನು ಕಾದೆ.

“ತೀರ್ಪು ಬಂದ ಮೇಲೆ ಕಾಗದಗಳನ್ನೆಲ್ಲ ತರಿಸಿ ಓದಿದೆ. ನಿಮ್ಮ ಯಜಮಾನರಿಗೆ ಅನ್ಯಾಯ ಆಗಿದೆ. ಆದರೆ ಅವರ ದೇಶ ನೋಡಿ ಮಾಡಿದ ಅನ್ಯಾಯ ಅನ್ನೋಕೆ ಸಾಕ್ಷಿ ಸಾಲದು. ನಾನೂ ನಿಮ್ಮ ವಿರುದ್ಧವೇ ಬರೀತಿದ್ದೆ.”

ಕಪಾಳಕ್ಕೆ ಹೊಡೆದಂತಾಯಿತು. ಅವರೆದುರಿಗೇ ಅತ್ತುಬಿಟ್ಟೆ. ನಾನಿದ್ದಿದ್ದರೆ ನಿಮ್ಮ ಪರ ಬರೆಯುತ್ತಿದ್ದೆ ಎಂದು ಒಂದು ಸುಳ್ಳು ಹೇಳಿ ಹೋಗಬಹುದಿತ್ತು, ಯಾರಿಗೆ ತಿಳಿಯುತ್ತಿತ್ತು? ಅದನ್ನು ಹೇಳಲಿಲ್ಲವಲ್ಲ, ಅಲ್ಲಿಗೆ ಅವರು ಯಾರ ಕಿವಿಗೂ ಏನೂ ಹಾಕಿರಲಿಲ್ಲ ಎಂದು ನನಗೆ ಖಾತ್ರಿಯಾಯಿತು. ಖಾತ್ರಿಯಾದದ್ದಕ್ಕೇ ಸಂಕಟ ಇನ್ನೂ ಹೆಚ್ಚಾಯಿತು. ಸಂಶಯವಿದ್ದಷ್ಟು ದಿನ ಬೈಯಲು ಒಬ್ಬರಾದರೂ ಇದ್ದರು.