ವಿಶ್ವ ಕಳಿಸಿದ ಪಿಡಿಎಫ್

ಬಯಸಿದರೆ ಬಂದೇ ಬರುತ್ತದೆ ಎಂದು ಹೇಳುವ ಪುಸ್ತಕವೊಂದು, ನಾನು ಬಯಸದೆಯೇ ನನ್ನ ಫೋನಿಗೆ ಬಂದು ಬಿತ್ತು.

ಕಳಿಸಿದವರು ಸತೀಶಣ್ಣ. ಕತಾರ್‌ನ ಲುಸೈಲ್‌ನಲ್ಲಿ ಅವರ ಆಫೀಸು. ದೋಹಾದ ನಮ್ಮ ಕನ್ನಡ ಓದುಗರ ಬಳಗಕ್ಕೆ ಅವರೇ ಸಂಚಾಲಕರು. ಗಟ್ಟಿಯಾಗಿ ನೆನೆದದ್ದನ್ನು ವಿಶ್ವವೇ ತಂದುಕೊಡುತ್ತದೆ ಎಂಬ ಮ್ಯಾನಿಫೆಸ್ಟೇಶನ್ ಪುಸ್ತಕ, ಇಂಗ್ಲಿಷಿನಿಂದ ಕನ್ನಡಕ್ಕೆ ಬಂದದ್ದು. ಶುಕ್ರವಾರ ಬಳಗದ ಸಭೆಯಲ್ಲಿ ನಾನು ಅದರ ಬಗ್ಗೆ ಮಾತನಾಡಬೇಕಿತ್ತು. ಯಾರೋ ಸ್ಕ್ಯಾನ್ ಮಾಡಿದ ಪಿಡಿಎಫ್ ಅನ್ನು ವಾಟ್ಸ್‌ಆ್ಯಪ್ ಗುಂಪಿಗೇ ಹಾಕಿದ್ದರು. “ನೋಡಿ, ನೆನೆಸಿದ್ದೇ ತಡ, ವಿಶ್ವ ಕಳಿಸಿತು!” ಎಂಬ ಸಾಲು ಬೇರೆ.

(ಸ್ಕ್ಯಾನ್ ಮಾಡುವಾಗ ವಿಶ್ವ ಮೊದಲ ಪುಟವನ್ನು ಬಿಟ್ಟಿತ್ತು. ಅನುವಾದಕಿಯ ಹೆಸರಿದ್ದದ್ದು ಆ ಪುಟದಲ್ಲಿ.)

ಫೋನ್ ಮಾಡಿದೆ. “ಅಣ್ಣಾ, ಇದು ಕದ್ದ ಪ್ರತಿ ಅಲ್ವಾ?”

“ಎಂತ ಮಾರಾಯ್ತಿ, ಕನ್ನಡ ಪುಸ್ತಕ ಇಲ್ಲಿ ಎಲ್ಲಿ ಸಿಗ್ತದೆ? ಊರಿಂದ ಬರುವವರಿಗೆ ಹೇಳಿದ್ರೆ ಲಗೇಜಲ್ಲಿ ಜಾಗ ಇಲ್ಲ ಅಂತಾರೆ.”

ಜಾಗ ಇಲ್ಲವೇ? ತಮ್ಮ ಬಟ್ಟೆ ತೆಗೆದಿಟ್ಟು ಬೇರೆಯವರ ಹಪ್ಪಳ, ಬಂಗುಡೆ ಉಪ್ಪಿನಕಾಯಿ ತುಂಬಿಕೊಂಡು ಬರುವ ಜನ ನಾವು. ಪುಸ್ತಕಕ್ಕೆ ಮಾತ್ರ ತೂಕ ಬಂದುಬಿಡುತ್ತದೆ. ಅದೂ ಹೋಗಲಿ. ಪ್ರಕಾಶಕರ ವೆಬ್‌ಸೈಟಿನಲ್ಲೇ ಇ-ಪುಸ್ತಕ ಇತ್ತು. ಕರಕ್ ಚಹಾ ಆರುವುದರೊಳಗೆ ಕೊಂಡೆ. ಲಿಂಕನ್ನು ಗುಂಪಿಗೂ ಹಾಕಿದೆ. ಅದರ ಕೆಳಗೆ ಯಾರೋ ಗುಡ್ ಮಾರ್ನಿಂಗ್ ಹೂವು ಹಾಕಿದರು.

ಶುಕ್ರವಾರ ಬಿನ್ ಒಮ್ರಾನ್‌ನಲ್ಲಿ ಬಳಗದ ನಸೀಮಕ್ಕನ ಮನೆಯಲ್ಲಿ ಸೇರಿದೆವು. ಅನ್ನಿಸಿದ್ದನ್ನು ಹೇಳಿದೆ. ಅನುವಾದ ತಿಳಿಯಾಗಿದೆ, ವಿಚಾರ ಒಪ್ಪಿಗೆಯಾಗಲಿಲ್ಲ. ಸಿಗದವರು ಸರಿಯಾಗಿ ಬಯಸಲಿಲ್ಲ ಎನ್ನುತ್ತದೆ ಪುಸ್ತಕ. ಹಾಗಾದರೆ ಬರ್ವಾ ಅಲ್ ಬರಾಹಾದ ಲೇಬರ್ ಕ್ಯಾಂಪಿನಲ್ಲಿ ಕೋಣೆ ಹಂಚಿಕೊಂಡು ಮಲಗುವ ಕಾರ್ಮಿಕರಿಗೆ ಸ್ವಂತ ಮನೆ ಬಯಸಲು ಬರುವುದಿಲ್ಲವೇ?

ಆಮೇಲೆ ಸತೀಶಣ್ಣ, ನನ್ನ ಲಿಂಕಿನಲ್ಲಿ ಹೆಸರು ನೋಡಿ ಹುಡುಕಿದ್ದ ಅನುವಾದಕಿಯನ್ನೇ ವಿಡಿಯೋ ಕರೆಯಲ್ಲಿ ಕರೆತಂದರು. ಉಡುಪಿಯವರು, ಇದು ಅವರ ಮೊದಲ ಅನುವಾದ. ಇದು ಮಾರಾಟವಾದರೆ ಮಾತ್ರ ಇನ್ನೊಂದು ಕೊಡುತ್ತೇವೆ ಎಂದಿದ್ದಾರಂತೆ ಪ್ರಕಾಶಕರು. ನಗುತ್ತಲೇ ಹೇಳಿ, ಕೇಳಿದರು:

“ನೀವೆಲ್ಲ ಓದಿದ್ದೀರಾ?”

“ಎಲ್ಲರೂ ಓದಿದ್ದೇವೆ ಮೇಡಂ!” ಒಕ್ಕೊರಲಿನ ಉತ್ತರ.

ಅವರ ಮುಖ ಅರಳಿತು. “ಹೌದಾ? ಕತಾರ್‌ಗೆ ಒಂದೇ ಪ್ರತಿ ಹೋದದ್ದು ಅಂದಿದ್ರು ಪ್ರಕಾಶಕರು. ನಾಳೆಯೇ ಫೋನ್ ಮಾಡ್ತೇನೆ, ನಿಮ್ಮ ಲೆಕ್ಕ ತಪ್ಪಿದೆ ಅಂತ.”



“ಮೇಡಂ, ನಿಮ್ಮ ವಾಯ್ಸ್ ಕಟ್ ಆಗ್ತಾ ಉಂಟು,” ಎಂದರು ಸತೀಶಣ್ಣ. ಏನೂ ಕಟ್ ಆಗುತ್ತಿರಲಿಲ್ಲ.

ನಾನು ಸಭೆಯಲ್ಲಿ ದನಿ ಎತ್ತುವವಳಲ್ಲ. ಆದರೆ ಆಕೆ ನಾಳೆ ಆ ಫೋನ್ ಮಾಡಿ ಅವಮಾನಪಡುವುದನ್ನು ನೆನೆಸಿಕೊಂಡೆ. “ಫೋನ್ ಮಾಡಬೇಡಿ ಮೇಡಂ. ಲೆಕ್ಕ ಸರಿ ಇದೆ. ಆ ಒಂದು ಪ್ರತಿ ನನ್ನದು. ಉಳಿದವರು ಓದಿದ್ದು ಪಿಡಿಎಫ್.”

“ಓದಿದಿರಲ್ಲ, ಅಷ್ಟು ಸಾಕು,” ಎಂದರು ಅವರು.

ಹೇಗೆ ಸಾಕಾಗುತ್ತದೆ?

ಕರೆ ಮುಗಿದದ್ದೇ ಸತೀಶಣ್ಣ ನನ್ನತ್ತ ತಿರುಗಿದರು. “ಎಲ್ಲರ ಎದುರು ಹೀಗೆ ಮರ್ಯಾದೆ ತೆಗೆಯುವುದಾ? ಒಂದು ಪುಸ್ತಕ ಅಷ್ಟೇ, ಖಲಾಸ್!”

ಉತ್ತರ ಕೊಟ್ಟವರು ನಸೀಮಕ್ಕ. “ಸತೀಶಾ, ಮುಂದಿನ ವಾರ ನನ್ನ ತಂಗಿ ಬರ್ತಾಳೆ. ಈ ಸಲ ಪುಸ್ತಕ ತರಿಸ್ತೇನೆ. ನಿನ್ನ ಉಪ್ಪಿನಕಾಯಿಗೆ ಜಾಗ ಇಲ್ಲ.”

ಪಿಡಿಎಫ್ ಇನ್ನೂ ಗುಂಪಿನಲ್ಲೇ ಇದೆ. ಕಾರು, ಬಂಗಲೆ, ಬಡ್ತಿ ಎಲ್ಲವನ್ನೂ ನಾಚಿಕೆಯಿಲ್ಲದೆ ವಿಶ್ವದ ಬಳಿ ಕೇಳುವ ನಮಗೆ, ದುಡ್ಡು ಕೊಟ್ಟು ಒಂದು ಪುಸ್ತಕ ಕೇಳಲು ಏನು ಸಂಕೋಚ?