ಹೆಡ್ಲಿ ಬಾಯಿಗೆ ಬಾರದ ಮಾತು

ಫ್ರೆಂಚರ ಜೊತೆ ಮೀನಿಗಾಗಿ ಕಿತ್ತಾಡುವುದು ಬಿಟ್ಟರೆ ಅವರ ಭಾಷೆಯ ಗೊಡವೆ ಇಂಗ್ಲೆಂಡಿನ ಈ ನ್ಯೂಲಿನ್ ಬಂದರಿನ ಮೀನುಗಾರರಾದ ನಮಗ್ಯಾರಿಗೂ ಇಲ್ಲ. ಆದರೆ ಸಮುದ್ರದಲ್ಲಿ ಜೀವ ಬಾಯಿಗೆ ಬಂದಾಗ ಅವರ ಮಾತೇ ಬೇಕು, ನೋಡಿ. ದೋಣಿ ಕೆಟ್ಟು ನಿಂತರೆ ರೇಡಿಯೋದಲ್ಲಿ 'ಪಾನ್-ಪಾನ್' ಅನ್ನಬೇಕು. ಪ್ರಾಣವೇ ಹೋಗುವಂತಿದ್ದರೆ 'ಮೇಡೇ'. ಅವರ ಭಾಷೆಯಲ್ಲಿ 'ನನ್ನ ನೆರವಿಗೆ ಬನ್ನಿ' ಎಂದಂತೆ. ಸುತ್ತಲಿನ ಹಡಗುಗಳೆಲ್ಲ ಕೆಲಸ ಬಿಟ್ಟು ನೆರವಿಗೆ ತಿರುಗುವುದು ಇದಕ್ಕೇ.

ನಮ್ಮ ದೋಣಿಯ ಯಜಮಾನ ಹೆಡ್ಲಿ ನಾನ್ಕ್ಯಾರೋ ಈ ಮಾತನ್ನು ತಮಾಷೆಗೂ ಆಡಿದವನಲ್ಲ. ಹೆಂಡತಿ ಸತ್ತ ಮೇಲೆ ಒಬ್ಬನೇ ಸಾಕಿ ಬೆಳೆಸಿದ ಮಗಳು ಟ್ಯಾಮ್ಸಿನ್ ರಕ್ಷಣಾ ದೋಣಿಗೆ ಸೇರಿಬಿಟ್ಟಿದ್ದಳು. ಸಂಬಳವಿಲ್ಲದ ಕೆಲಸ, ಕರೆ ಬಂದರೆ ಬಿರುಗಾಳಿಗೂ ಹೊರಡಬೇಕು. ಅಂದಿನಿಂದ ಗಾಳಿ ಎದ್ದರೆ ಹೆಡ್ಲಿಗೆ ಊಟ ಸೇರುತ್ತಿರಲಿಲ್ಲ. ನಾವೋ, ಮರಿ ಕಾಯುವ ಹೇಂಟೆಕೋಳಿ ಅಂತ ಗೇಲಿ ಮಾಡುತ್ತಿದ್ದೆವು.

ಆ ಫೆಬ್ರವರಿ ಮಧ್ಯಾಹ್ನ ನಮ್ಮ ಇಂಜಿನ್ ಕೋಣೆಗೆ ನೀರು ನುಗ್ಗಿತು. ಪಂಪು ನಿಂತಿತು. ಅಲೆಗಳು ಮನೆಯೆತ್ತರ. ಹೆಡ್ಲಿ ರೇಡಿಯೋ ಹಿಡಿದು, ಏನೂ ಆಗದವನ ಹಾಗೆ ಪಾನ್-ಪಾನ್ ಅಂದ. ಪ್ರಾಣಾಪಾಯ ಇದೆಯಾ ಎಂದು ಕರಾವಳಿ ಕಾವಲಿನವರು ಕೇಳಿದರೆ ಇಲ್ಲವೆಂದುಬಿಟ್ಟ. ನೀರು ನನ್ನ ಮೊಣಕಾಲಿಗೆ ಬಂದಿತ್ತು.

"ತಲೆ ಕೆಟ್ಟಿದೆಯೇನೋ ನಿಂಗೆ? ಮೇಡೇ ಅನ್ನು," ಅಂದೆ.

"ಅಂದ್ರೆ ಯಾರು ಬರ್ತಾರೆ ಗೊತ್ತಲ್ಲ, ಪಾಸ್ಕೋ."

"ನಂಗೂ ಮಕ್ಕಳಿದಾರೆ ಕಣೋ."

ರೇಡಿಯೋ ಕಿತ್ತುಕೊಳ್ಳಲು ಹೋದೆ, ಬಿಡಲಿಲ್ಲ. ಇಷ್ಟು ವರ್ಷದ ಗೆಳೆಯನ ಕುತ್ತಿಗೆ ಹಿಚುಕಬೇಕೆನಿಸಿತು, ಸುಳ್ಳೇಕೆ ಹೇಳಲಿ.

ಅಷ್ಟರಲ್ಲಿ ರೇಡಿಯೋದಲ್ಲಿ ಟ್ಯಾಮ್ಸಿನ್ ದನಿ ಬಂತು. ಪಾನ್-ಪಾನ್ ಕೇಳಿಯೇ ರಕ್ಷಣಾ ದೋಣಿ ಬಂದರು ಬಿಟ್ಟಾಗಿತ್ತು.

"ಅಪ್ಪಾ, ನಾವು ಹೊರಟಾಯ್ತು. ಎದುರುಗಾಳಿ, ಬೇಗ ಮುಟ್ಟಕ್ಕಾಗಲ್ಲ. ನಿಮ್ಮ ಹತ್ರ ಸರಕಿನ ಹಡಗೊಂದಿದೆ. ನೀನು ಆ ಮಾತು ಹೇಳಿದ್ರೆ ಅದು ನಿಮ್ಮ ಕಡೆ ತಿರುಗುತ್ತೆ. ಹೇಳಪ್ಪಾ."

ಹೆಡ್ಲಿಯ ಮುಖ ಬಿಳಿಚಿಹೋಯಿತು. ಮೂರು ಸಲ ಹೇಳಬೇಕಾದ ಮಾತನ್ನು ಹೇಳತೊಡಗಿದವನು ನಿಲ್ಲಿಸಲೇ ಇಲ್ಲ. ದೋಣಿಯ ಹೆಸರು, ಇದ್ದ ಜಾಗ ಎಲ್ಲ ನಾನೇ ಕೂಗಿ ಹೇಳಬೇಕಾಯಿತು.

ಸರಕಿನ ಹಡಗಿನವರು ಬಂದು ಹಗ್ಗದ ಏಣಿ ಇಳಿಬಿಟ್ಟು ನಮ್ಮನ್ನು ಹತ್ತಿಸಿಕೊಂಡರು. ನಮ್ಮ ದೋಣಿ ಮುಳುಗಿತು. ಹೆಡ್ಲಿ ಅತ್ತ ತಿರುಗಿಯೂ ನೋಡಲಿಲ್ಲ. ಕೊಟ್ಟ ಚಹಾ ಮುಟ್ಟದೆ, ಕಂಬಿ ಹಿಡಿದು ಬಂದರಿನ ದಿಕ್ಕಿಗೇ ಕಣ್ಣು ನೆಟ್ಟಿದ್ದ. ಕೊನೆಗೆ ಅಲೆಗಳ ನಡುವೆ ರಕ್ಷಣಾ ದೋಣಿ ಕಂಡಿತು, ಮರೆಯಾಯಿತು, ಮತ್ತೆ ಕಂಡಿತು. ನಾವು ಸಿಕ್ಕಿದೆವೆಂದು ತಿಳಿದು ಅದು ವಾಪಸು ತಿರುಗಿತು.

ಹೆಡ್ಲಿ ಹಡಗಿನ ಕಪ್ತಾನನ ತೋಳು ಹಿಡಿದುಕೊಂಡ.

"ಅವ್ರು ಬಂದರು ಮುಟ್ಟೋವರೆಗೂ ಅವ್ರ ಹಿಂದೇನೇ ಹೋಗ್ತೀರಾ, ಸ್ವಾಮಿ?"